ಶಿರಸಿಯ ಅಡಿಕೆ ಸೊಸೈಟಿಗೆ ಬರೆದ ನಮ್ಮ ವಿನ್‌ಫಾರ್ಮ್ಸ್ (ವಿಂಡೋಸ್ ಪ್ರೋಗ್ರಾಂಗಳ ಪರದೆ ಕಟ್ಟುವ ಮೈಕ್ರೋಸಾಫ್ಟ್ ಸಾಧನ) ತಂತ್ರಾಂಶದಲ್ಲೇ ಸದಸ್ಯರ ಪಹಣಿ ಸ್ಕ್ಯಾನ್ ಮಾಡಿ ತೋರಿಸುವುದು ಹೇಗೆ?

ತೋರಿಸುವುದು ಸುಲಭ. ಚಿತ್ರ ತೋರಿಸುವ ಚೌಕಟ್ಟಾದ ಪಿಕ್ಚರ್‌ಬಾಕ್ಸ್ ಇಟ್ಟು, ಚಿತ್ರ ಅದಕ್ಕೆ ಹೊಂದುವಂತೆ ಸೈಜ್‌ಮೋಡನ್ನು ಝೂಮ್ ಮಾಡಿದರೆ ಮುಗೀತು. ತಲೆನೋವೆಲ್ಲ ಸ್ಕ್ಯಾನರಿನದು.

ಪ್ರೋಗ್ರಾಂ ಸ್ಕ್ಯಾನರಿನ ಜೊತೆ ಮಾತಾಡಲು ವಿಂಡೋಸ್‌ನಲ್ಲಿ ಬಳಕೆಯಲ್ಲಿರುವ ದಾರಿ ಎರಡು: ಡಬ್ಲ್ಯೂಐಎ ಮತ್ತು ಟ್ವೈನ್. ಒಂದೊಂದೇ ಹಾಳೆ ಇಡುವ ಫ್ಲಾಟ್‌ಬೆಡ್‌ಗೆ ಡಬ್ಲ್ಯೂಐಎ ಸಾಕು. ಕಟ್ಟುಗಟ್ಟಲೆ ಕಾಗದವನ್ನು ಫೀಡರಿಗೆ ಹಾಕುವವರು ಟ್ವೈನ್ ಹಿಡಿಯುವುದೇ ವಾಸಿ. ಆದರೆ ಟ್ವೈನ್ ಡ್ರೈವರ್ 32 ಬಿಟ್‌ನದಾಗಿದ್ದು ನಿಮ್ಮ ಪ್ರೋಗ್ರಾಂ 64 ಬಿಟ್‌ನದಾದರೆ, ಸ್ಕ್ಯಾನರ್ ಪಟ್ಟಿಯಲ್ಲೇ ಕಾಣುವುದಿಲ್ಲ. ಕೇಬಲ್ ಎಷ್ಟು ಸಲ ಕಿತ್ತು ಸಿಕ್ಕಿಸಿದರೂ ಅಷ್ಟೇ! ಪ್ರೋಗ್ರಾಮನ್ನು 32 ಬಿಟ್‌ಗೆ ಬಿಲ್ಡ್ ಮಾಡಿ ನೋಡಿ.

ಇನ್ನು ಮೆಮೊರಿ. ಎ4 ಹಾಳೆ 300 ಡಿಪಿಐನಲ್ಲಿ (ಇಂಚಿಗೆ 300 ಚುಕ್ಕೆ) ಸುಮಾರು 2480×3508 ಪಿಕ್ಸೆಲ್; 24 ಬಿಟ್ ಬಣ್ಣದಲ್ಲಿ 26 ಎಂಬಿ ತಿನ್ನುತ್ತದೆ. ಹೊಸ ಚಿತ್ರ ಹಾಕುವ ಮೊದಲು ಹಳೆಯದನ್ನು ಡಿಸ್ಪೋಸ್ ಮಾಡಿ ಅದು ಹಿಡಿದ ಮೆಮೊರಿ ಬಿಡಿಸದಿದ್ದರೆ ನೂರು ಹಾಳೆಯೊಳಗೇ 32 ಬಿಟ್ ಪ್ರೋಗ್ರಾಂ ಮಗುಚಿ ಬಿದ್ದೀತು. ಪಹಣಿಗೆ ಬಣ್ಣವೇ ಬೇಡ, ಗ್ರೇಸ್ಕೇಲ್ ಧಾರಾಳ, ಮೂರರಲ್ಲೊಂದು ಪಾಲು ಜಾಗ ಸಾಕು.

ಫೈಲಿನಿಂದ ಚಿತ್ರ ತೆರೆಯಲು ಇಮೇಜ್.ಫ್ರಮ್‌ಫೈಲ್ ಬಳಸಿದರೆ ಚಿತ್ರ ತೆರೆದಿರುವಷ್ಟು ಹೊತ್ತೂ ಫೈಲ್ ಲಾಕ್ ಆಗಿರುತ್ತದೆ, ಅಳಿಸಲು ಬರುವುದಿಲ್ಲ. ಮೆಮೊರಿಯಲ್ಲಿ ಹೊಸ ಬಿಟ್‌ಮ್ಯಾಪಿಗೆ (ಚಿತ್ರದ ಪ್ರತಿಗೆ) ನಕಲು ಮಾಡಿ ಮೂಲವನ್ನು ಮುಚ್ಚಿಬಿಡಿ. ಮಳೆಗಾಲದಲ್ಲಿ ನಮ್ಮ ಕಡೆ ಕರೆಂಟಿನ ಕಥೆ ನಿಮಗೇ ಗೊತ್ತು, ಪ್ರತಿ ಹಾಳೆಯನ್ನೂ ಬಂದ ಕೂಡಲೇ ಡಿಸ್ಕಿಗೆ ಉಳಿಸಿ.