ನಂದಿನಿಯನ್ನು ಒಂದು ಮಾತು ಕೇಳಿ

ನಮಸ್ಕಾರ.

‘ಮುಂಗಾರು ಮಳೆ’ಯ ಪ್ರೀತಮ್ ಮತ್ತು ನಂದಿನಿ ಒಂದಾಗಬೇಕಿತ್ತು ಅಂತ ವಾದಿಸಿ ನೀವು ಕಳಿಸಿದ ಲೇಖನ ಓದಿದೆ. ಈಗಿರುವ ಹಾಗೆ ಅದನ್ನು ಪ್ರಕಟಿಸಲು ಆಗುವುದಿಲ್ಲ. ನಿಮ್ಮನ್ನು ಕಾಯಿಸಬಾರದು ಅಂತ ಇದನ್ನು ಮೊದಲೇ ಹೇಳಿಬಿಡುತ್ತಿದ್ದೇನೆ. ಆದರೆ ವಿಷಯ ಬಿಡಬೇಡಿ. ಇದರ ಮೇಲೆ ಒಂದು ಒಳ್ಳೆಯ ಲೇಖನ ಆಗುತ್ತದೆ, ಅದನ್ನು ನೀವೇ ಬರೆಯಬಲ್ಲಿರಿ ಅನ್ನುವ ನಂಬಿಕೆ ನನಗಿದೆ. ಅದಕ್ಕೇ ಇಷ್ಟು ಉದ್ದದ ಪತ್ರ.

ಸಿನಿಮಾ ಜೋಡಿಗಳ ವಿಷಯಕ್ಕೆ ಅಭಿಮಾನಿಗಳು ಜಗಳ ಆಡಿದರೆ ‘ಕೆಲಸ ಇಲ್ಲದವರು’ ಅಂತ ಕೆಲವರು ಅಂದುಬಿಡುತ್ತಾರೆ. ನಾನು ಅದನ್ನು ಒಪ್ಪುವುದಿಲ್ಲ. ‘ಮುಂಗಾರು ಮಳೆ’ ತೆರೆಗೆ ಬಂದದ್ದು 2006ರ ಡಿಸೆಂಬರ್ 29ಕ್ಕೆ. ಬೆಂಗಳೂರಿನ ಮಲ್ಟಿಪ್ಲೆಕ್ಸಿನಲ್ಲಿ ಒಂದು ವರ್ಷಕ್ಕಿಂತ ಜಾಸ್ತಿ ಓಡಿತು. ಎರಡನೇ ಸಲ, ಮೂರನೇ ಸಲ ಹೋದವರಿಗೆ ಕೊನೆ ಏನಂತ ಗೊತ್ತೇ ಇತ್ತು. ಆದರೂ ‘ಈ ಸಲವಾದರೂ ಕರೆದುಕೊಂಡು ಹೋಗೋ ಮಾರಾಯ’ ಅಂತ ಒಳಗೊಳಗೇ ಅನ್ನಿಸುತ್ತಿತ್ತು, ಅಲ್ವಾ? ಇಷ್ಟು ವರ್ಷ ಆದ ಮೇಲೂ ಆ ಕ್ಲೈಮ್ಯಾಕ್ಸ್ ಬಗ್ಗೆ ಮಾತು ನಿಂತಿಲ್ಲ ಅಂದರೆ ಸಿನಿಮಾ ನಮ್ಮಲ್ಲಿ ಏನೋ ಬಾಕಿ ಉಳಿಸಿ ಹೋಗಿದೆ. ಅದು ಏನು ಅಂತ ನೀವು ಹುಡುಕುತ್ತೀರಿ ಅಂದುಕೊಂಡು ಓದಲು ಕೂತೆ.

ನೀವು ಹುಡುಕಿದ್ದು ಎದುರಾಳಿಗಳನ್ನು. ಲೇಖನದ ಅರ್ಧದಷ್ಟು ಜಾಗ ‘ಗೌತಮ್ ಕಡೆಯವರು’, ಅಂದರೆ ನಂದಿನಿಗೆ ಮನೆಯವರು ಗೊತ್ತುಮಾಡಿದ ಹುಡುಗನ ಪರ ಇರುವವರು, ಎಷ್ಟು ದಡ್ಡರು, ಅವರಿಗೆ ಪ್ರೀತಿ ಅಂದರೇನು ಅಂತ ಹೇಗೆ ಗೊತ್ತಿಲ್ಲ ಅನ್ನುವುದಕ್ಕೇ ಹೋಗಿದೆ. ಅವರು ಏನು ಹೇಳಿದರು, ನೀವು ಏನು ತಿರುಗೇಟು ಕೊಟ್ಟಿರಿ, ಅದಕ್ಕೆ ಅವರು ಹೇಗೆ ಸುಮ್ಮನಾದರು ಅಂತ ಬರೆದಿದ್ದೀರಿ. ಓದುಗರಿಗೆ ಆ ಜಗಳ ಬೇಡ. ಅವರು ಅಲ್ಲಿ ಇರಲಿಲ್ಲ. ಅವರಿಗೆ ಬೇಕಿರುವುದು ಸಿನಿಮಾ. ಆ ಪುಟಗಳನ್ನು ಪೂರ್ತಿ ತೆಗೆಯಿರಿ. ಗೌತಮ್ ಪರವಾಗಿ ಇರುವವರ ಒಂದು ಗಟ್ಟಿ ವಾದವನ್ನು ಮಾತ್ರ, ಅವರೇ ಹೇಳಿದ್ದಕ್ಕಿಂತ ಚೆನ್ನಾಗಿ, ನೀವು ಹೇಳಿ. ಆಮೇಲೆ ಅದಕ್ಕೆ ಉತ್ತರ ಕೊಡಿ. ಅಷ್ಟು ಮಾಡಿದರೆ ನಿಮ್ಮ ಮಾತಿನ ಮೇಲೆ ಓದುಗರಿಗೆ ನಂಬಿಕೆ ಬರುತ್ತದೆ.

ಇನ್ನೊಂದು ತೊಡಕು ಇದೆ. ‘ಗಣೇಶ್–ಪೂಜಾ ಗಾಂಧಿ ಕೆಮಿಸ್ಟ್ರಿ ಅಷ್ಟು ಚೆನ್ನಾಗಿದ್ದ ಮೇಲೆ ಅವರನ್ನು ಬೇರೆ ಮಾಡಿದ್ದು ತಪ್ಪು’ ಅಂತ ಬರೆದಿದ್ದೀರಿ. ಗಣೇಶ್ ಬೇರೆ, ಪ್ರೀತಮ್ ಬೇರೆ. ನಮ್ಮಲ್ಲಿ ಈ ಎರಡೂ ಕಲಸಿಹೋಗಲು ಕಾರಣ ಉಂಟು. ಹಿಂದಿನವರು ಜೋಡಿ ಅಂದರೆ ನಟರ ಹೆಸರನ್ನೇ ಹೇಳುತ್ತಿದ್ದರು. ರಾಜ್–ಭಾರತಿ, ವಿಷ್ಣು–ಆರತಿ, ಅನಂತ್‌ನಾಗ್–ಲಕ್ಷ್ಮಿ. 1974ರ ‘ಎರಡು ಕನಸು’ ರಾಜ್‌ಕುಮಾರ್ ಜೊತೆ ಕಲ್ಪನಾ ಮತ್ತು ಮಂಜುಳಾ ಇಬ್ಬರನ್ನೂ ಇಟ್ಟಿತು. ಅಂಥ ಸಿನಿಮಾ ನೋಡಿ ಬಂದವರು ಮಾತಾಡುತ್ತಿದ್ದದ್ದು ಯಾರ ಜೊತೆ ಯಾರು ಒಪ್ಪುತ್ತಾರೆ ಅಂತ. ಅದು ತೆರೆಯ ಮೇಲಿನ ಚೆಂದದ ಮಾತು, ಅದರಲ್ಲಿ ತಪ್ಪೇನಿಲ್ಲ. ಪಾತ್ರಗಳನ್ನು ಬೇರೆ ಮನುಷ್ಯರು ಅಂತಲೇ ತಿಳಿದು, ಅವರ ಬದುಕು ಹೀಗಾಗಬೇಕಿತ್ತು ಅಂತ ವಾದ ಮಾಡುವುದು ಇನ್ನೊಂದು ಬಗೆ. ನಿಮ್ಮದು ಎರಡನೇ ಬಗೆಯ ಲೇಖನ. ಹಾಗಿದ್ದ ಮೇಲೆ ಮೊದಲನೆಯದರ ಸಾಕ್ಷಿ ಇಲ್ಲಿ ನಿಲ್ಲುವುದಿಲ್ಲ. ನಟರ ಜೋಡಿ ಕಣ್ಣಿಗೆ ಎಷ್ಟು ಹಿತವಾಗಿದ್ದರೂ ಅದರಿಂದ ನಂದಿನಿಯ ಮನಸ್ಸು ಗೊತ್ತಾಗುವುದಿಲ್ಲ.

ಈಗ ಮುಖ್ಯ ಮಾತಿಗೆ ಬರುತ್ತೇನೆ. ನಿಮ್ಮ ಲೇಖನದಲ್ಲಿ ನಂದಿನಿಯೇ ಇಲ್ಲ.

ಅವಳ ಹೆಸರು ಎಲ್ಲ ಪುಟಗಳಲ್ಲೂ ಇದೆ. ಆದರೆ ಪ್ರತಿ ಸಲವೂ ಅವಳು ಯಾರಿಗೋ ಸಿಗಬೇಕು, ಯಾರಿಗೋ ತಪ್ಪಬೇಕು. ‘ಪ್ರೀತಮ್‌ಗೆ ನಂದಿನಿ ಸಿಗಬೇಕಿತ್ತು, ಅಷ್ಟು ಕಷ್ಟಪಟ್ಟಿದ್ದ’ ಅಂತ ಒಂದು ಕಡೆ. ‘ಗೌತಮ್ ಏನು ಮಾಡಿದ್ದಾನೆ ಅಂತ ಅವಳು ಅವನಿಗೆ?’ ಅಂತ ಇನ್ನೊಂದು ಕಡೆ. ಇದು ಬಹುಮಾನ ಹಂಚುವ ಲೆಕ್ಕ. ನಿಮ್ಮ ಎದುರಾಳಿಗಳೂ ಇದೇ ಲೆಕ್ಕ ಹಾಕುತ್ತಿದ್ದಾರೆ. ಗೌತಮ್ ಒಳ್ಳೆಯವನು, ಸೈನ್ಯದಲ್ಲಿರುವವನು, ಆದ್ದರಿಂದ ಅವನಿಗೇ ಸರಿ ಅಂತ ಅವರ ವಾದ. ಎರಡೂ ಕಡೆಯವರು ಒಂದೇ ತಕ್ಕಡಿಯಲ್ಲಿ ಇಬ್ಬರು ಗಂಡಸರನ್ನು ತೂಗುತ್ತಿದ್ದೀರಿ. ಜಗಳ ಮುಗಿಯದೇ ಇರುವುದಕ್ಕೆ ಇದೇ ಕಾರಣ ಇರಬಹುದು.

ಸಿನಿಮಾವನ್ನು ಇನ್ನೊಮ್ಮೆ ನೋಡಿ. ಮಡಿಕೇರಿಯ ಆ ಮನೆಗೆ ಪ್ರೀತಮ್ ಬಂದಾಗ ನಂದಿನಿಯ ಮದುವೆ ಗೊತ್ತಾಗಿದೆ. ಅವನು ಹಠ ಹಿಡಿಯುತ್ತಾನೆ, ಹಿಂದೆ ಸುತ್ತುತ್ತಾನೆ, ನಗಿಸುತ್ತಾನೆ. ಅವಳು ಮೊದಲು ಒಪ್ಪುವುದಿಲ್ಲ. ಆಮೇಲೆ ಜೋಗದ ದೃಶ್ಯ ಬರುತ್ತದೆ. ಅದಕ್ಕೆ ನೀವು ಕೊಟ್ಟಿರುವುದು ಒಂದೇ ಸಾಲು: ‘ಜೋಗದ ದೃಶ್ಯವಂತೂ ಅದ್ಭುತ.’ ಇಡೀ ಸಿನಿಮಾದಲ್ಲಿ ನಂದಿನಿ ತನ್ನ ಮನಸ್ಸನ್ನು ತಾನೇ ಬಿಚ್ಚಿ ಹೇಳುವುದು ಅಲ್ಲಿ. ಜಲಪಾತದ ನೆತ್ತಿಯ ಮೇಲೆ, ಅಂಚಿನಲ್ಲಿ ನಿಂತು ಹೇಳುತ್ತಾಳೆ. ಒಂದು ಹೆಜ್ಜೆ ತಪ್ಪಿದರೆ ಮುಗಿಯಿತು. ಮದುವೆ ಗೊತ್ತಾದ ಹುಡುಗಿ ‘ನನಗೆ ಇವನು ಬೇಕು’ ಅನ್ನುವುದಕ್ಕೆ ನಿರ್ದೇಶಕ ಯೋಗರಾಜ ಭಟ್ಟರು ಆರಿಸಿದ ಜಾಗ ಅದು. ಮನೆಯ ಜಗಲಿಯಲ್ಲಿ ಹೇಳಿಸಬಹುದಿತ್ತು, ತೋಟದಲ್ಲಿ ಹೇಳಿಸಬಹುದಿತ್ತು. ಹೇಳಿಸಲಿಲ್ಲ. ಯಾಕೆ? ಅವಳು ಎಷ್ಟು ದೊಡ್ಡ ಅಪಾಯ ಮೈಮೇಲೆ ಎಳೆದುಕೊಳ್ಳುತ್ತಿದ್ದಾಳೆ ಅಂತ ನಮಗೆ ಕಣ್ಣಿಗೆ ಕಾಣಬೇಕು. ಈ ಒಂದು ದೃಶ್ಯಕ್ಕೆ ಎರಡು ಪ್ಯಾರಾ ಕೊಡಿ. ಎಸ್. ಕೃಷ್ಣ ಅವರ ಕ್ಯಾಮೆರಾ ಎಲ್ಲಿದೆ, ನೀರು ಎಷ್ಟು ಹತ್ತಿರ ಇದೆ, ಆಗ ಪ್ರೀತಮ್ ಮುಖದಲ್ಲಿ ಏನಿದೆ, ನೋಡಿಕೊಂಡು ಬರೆಯಿರಿ.

ಆಮೇಲೆ ಏನಾಗುತ್ತದೆ ನೋಡಿ. ಪ್ರೀತಮ್ ವಿಷಯ ಹೇಳಿಬಿಡೋಣ ಅಂತ ನಂದಿನಿಯ ಅಪ್ಪ ಕರ್ನಲ್ ಸುಬ್ಬಯ್ಯನವರ ಜೊತೆ ಬೆಳಿಗ್ಗೆ ಜಾಗಿಂಗ್ ಹೋಗುತ್ತಾನೆ. ಅವನು ಬಾಯಿ ಬಿಡುವ ಮೊದಲೇ ಅವರು ತಮ್ಮ ಹೃದಯದ ಕಾಯಿಲೆ ಹೇಳಿಕೊಳ್ಳುತ್ತಾರೆ. ಯಾವಾಗ ಬೇಕಾದರೂ ಪ್ರಾಣ ಹೋಗಬಹುದು, ಅಷ್ಟರಲ್ಲಿ ಗೌತಮ್ ಜೊತೆ ಮಗಳ ಮದುವೆ ಮುಗಿದರೆ ಸಾಕು ಅನ್ನುತ್ತಾರೆ. ಅನಂತ್‌ನಾಗ್ ಆ ಮಾತನ್ನು ಹೇಳುವ ರೀತಿಗೆ ಯಾರಿಗಾದರೂ ಕರುಳು ಚುರ್ ಅನ್ನಬೇಕು. ಪ್ರೀತಮ್ ಮಾತು ನುಂಗಿಕೊಳ್ಳುತ್ತಾನೆ. ಮದುವೆಯ ಹಿಂದಿನ ರಾತ್ರಿ ರಸ್ತೆ ಬದಿಯ ಬಾರಿನಲ್ಲಿ ಅವನಿಗೆ ಗೌತಮ್ ಸಿಗುತ್ತಾನೆ. ಕುಡಿಯಲು ಕೊಟ್ಟರೆ ಗೌತಮ್ ಬೇಡ ಅನ್ನುತ್ತಾನೆ. ‘ನಂದಿನಿಗೆ ಇವನೇ ಸರಿ’ ಅಂತ ಪ್ರೀತಮ್ ಅಲ್ಲೇ ತೀರ್ಮಾನಿಸುತ್ತಾನೆ. ನಂದಿನಿಯ ಹಿಂದೆ ಬಿದ್ದಿದ್ದ ಜಾಲಿಯ ಕಡೆಯವರಿಂದ ಗೌತಮ್‌ನನ್ನು ಕಾಪಾಡಿ, ತಾನೇ ಮದುವೆ ಮನೆಗೆ ಕರೆತಂದು ಬಿಡುತ್ತಾನೆ.

ಒಂದು ನಿರ್ಧಾರ ಅಪ್ಪ ಮತ್ತು ಪ್ರೀತಮ್ ನಡುವೆ ಆಯಿತು. ಇನ್ನೊಂದು ಬಾರಿನ ಮೇಜಿನ ಮೇಲೆ ಆಯಿತು. ಎರಡೂ ಕಡೆ ನಂದಿನಿ ಇಲ್ಲ. ಜಲಪಾತದ ಅಂಚಿನಲ್ಲಿ ನಿಂತು ಹೇಳಿದ ಹುಡುಗಿಗೆ ‘ನಿನ್ನ ಅಪ್ಪನಿಗೆ ಹೀಗಿದೆ, ಏನು ಮಾಡೋಣ?’ ಅಂತ ಒಬ್ಬರೂ ಕೇಳಲಿಲ್ಲ. ಕೇಳಿದ್ದರೆ ಅವಳೇ ಅಪ್ಪನನ್ನು ಆರಿಸಿಕೊಳ್ಳುತ್ತಿದ್ದಳೋ ಏನೋ. ಆಗ ಅದು ಅವಳ ತ್ಯಾಗ ಆಗುತ್ತಿತ್ತು. ಈಗ ಅದು ಪ್ರೀತಮ್‌ನ ತ್ಯಾಗ. ಕೊನೆಗೆ ಸಿನಿಮಾ ಕೂಡ ಪ್ರೀತಮ್ ಜೊತೆಗೇ ಹೊರಡುತ್ತದೆ. ಅವನ ದುಃಖಕ್ಕೆ ಜೊತೆಯಾಗಿ ದೇವದಾಸ ಅನ್ನುವ ಮೊಲದ ಸಾವೂ ಇದೆ. ಮೊಲಕ್ಕೆ ಅತ್ತವರು ನಾವೆಲ್ಲ. ನಂದಿನಿ ಆ ಹೊತ್ತಿನಲ್ಲಿ ಹೇಗಿದ್ದಳು ಅಂತ ಎಷ್ಟು ಜನ ಯೋಚಿಸಿದ್ದೇವೆ? ನಿಮ್ಮ ಲೇಖನದಲ್ಲಿ ದೇವದಾಸನಿಗೆ ಒಂದು ಪ್ಯಾರಾ ಇದೆ, ಅವಳಿಗೆ ಇಲ್ಲ.

ಹೀಗೆ ಹೇಳಿದೆ ಅಂತ ಆ ಸಿನಿಮಾವನ್ನು ಬೈಯುವ ಲೇಖನ ಬರೆಯಬೇಡಿ. ನಂದಿನಿಯ ಅಪ್ಪನ ಕಾಯಿಲೆ ಕೇಳಿ ಪ್ರೀತಮ್ ಸುಮ್ಮನಾದದ್ದು ಸಣ್ಣತನ ಅಲ್ಲ. ಅವನ ಜಾಗದಲ್ಲಿ ನಿಂತರೆ ನಮ್ಮಲ್ಲಿ ಬಹಳಷ್ಟು ಜನ ಅದನ್ನೇ ಮಾಡುತ್ತಿದ್ದೆವು. ಆ ನೋವು ನಿಜವಾದದ್ದು. ಅದನ್ನು ಒಪ್ಪಿಕೊಂಡೇ ‘ಆದರೆ ಅವಳನ್ನು ಒಂದು ಮಾತು ಕೇಳಬೇಕಿತ್ತು’ ಅಂತ ನೀವು ಹೇಳಬೇಕು. ಎರಡನ್ನೂ ಒಟ್ಟಿಗೆ ಹಿಡಿಯುವುದು ಕಷ್ಟ. ಹಿಡಿದರೆ ಲೇಖನಕ್ಕೆ ತೂಕ ಬರುತ್ತದೆ.

ಬೇಕಾದರೆ ಜೊತೆಗೆ 1984ರ ‘ಬಂಧನ’ ನೋಡಿ. ಅಲ್ಲೂ ನಾಯಕಿಯ ಹೆಸರು ನಂದಿನಿ. ವಿಷ್ಣುವರ್ಧನ್ ಮಾಡಿದ ಡಾಕ್ಟರ್ ಹರೀಶ್ ಮನಸ್ಸಿನಲ್ಲಿರುವುದನ್ನು ಹೇಳುವ ಹೊತ್ತಿಗೆ ಕಾಲ ಮೀರಿರುತ್ತದೆ. ಆ ಸಿನಿಮಾ ನೋಡಿದವರು ‘ಪಾಪ ಹರೀಶ್’ ಅಂದರು, ಈಗಲೂ ಅನ್ನುತ್ತಾರೆ. ಸುಹಾಸಿನಿಯ ನಂದಿನಿಗೆ ಗೊತ್ತೇ ಇರದ ಪ್ರೀತಿಗೆ ಅವಳು ಹೇಗೆ ಉತ್ತರ ಕೊಡಬೇಕಿತ್ತು? ಇಬ್ಬರು ನಂದಿನಿಯರನ್ನು ಅಕ್ಕಪಕ್ಕ ಇಟ್ಟು ನೋಡಿದರೆ ನಿಮಗೆ ಇನ್ನಷ್ಟು ಹೊಳೆಯಬಹುದು. ಉದ್ದ ಮಾಡಬೇಡಿ, ಒಂದು ಪ್ಯಾರಾ ಸಾಕು.

‘ಟೀಮ್ ಎಡ್ವರ್ಡ್, ಟೀಮ್ ಜೇಕಬ್’ ಅಂತ ‘ಟ್ವೈಲೈಟ್’ ಅಭಿಮಾನಿಗಳ ಎರಡು ಬಣಗಳ ಬಗ್ಗೆ ನೀವು ಹಾಕಿರುವ ಭಾಗ ತೆಗೆದುಬಿಡಿ. ಎಲ್ಲರಿಗೂ ಗೊತ್ತಿರುವುದು, ನಿಮ್ಮ ವಾದಕ್ಕೆ ಏನೂ ಸೇರಿಸುವುದಿಲ್ಲ. ಹೊರಗಿನ ಉದಾಹರಣೆ ಬೇಕೇ ಬೇಕು ಅಂದರೆ ‘ಲಿಟಲ್ ವಿಮೆನ್’ ಕಾದಂಬರಿ ತೆಗೆದುಕೊಳ್ಳಿ. ಲೂಯಿಸಾ ಮೇ ಆಲ್ಕಾಟ್ ಅದರ ಮೊದಲ ಭಾಗ ಬರೆದದ್ದು 1868ರಲ್ಲಿ. ನಾಯಕಿ ಜೋ ಪಕ್ಕದ ಮನೆಯ ಹುಡುಗ ಲಾರಿಯನ್ನು ಮದುವೆಯಾಗುತ್ತಾಳಾ ಅಂತ ಹುಡುಗಿಯರು ಪತ್ರದ ಮೇಲೆ ಪತ್ರ ಬರೆದರು. ಯಾರನ್ನೋ ಮೆಚ್ಚಿಸುವುದಕ್ಕೆ ಜೋಳನ್ನು ಲಾರಿಗೆ ಮದುವೆ ಮಾಡುವುದಿಲ್ಲ ಅಂತ ಲೇಖಕಿ ದಿನಚರಿಯಲ್ಲಿ ಬರೆದುಕೊಂಡರು. ಜೋ ಮದುವೆಯೇ ಆಗಬಾರದು ಅನ್ನುವುದು ಅವರ ಆಸೆಯಾಗಿತ್ತು. ಕೊನೆಗೆ ಲಾರಿಗೆ ಜೋಳ ತಂಗಿ ಏಮಿ, ಜೋಗೆ ವಯಸ್ಸಾದ ಪ್ರೊಫೆಸರ್. ಆ ಕಥೆ ಸಿನಿಮಾ ಆದಾಗೆಲ್ಲ ಅದೇ ಜಗಳ ಮತ್ತೆ ಶುರು. 2019ರಲ್ಲಿ ಗ್ರೆಟಾ ಗರ್ವಿಗ್ ಮಾಡಿದ ಸಿನಿಮಾದಲ್ಲಂತೂ ಜೋಳ ಮದುವೆಯ ಬಗ್ಗೆ ಲೇಖಕಿ ಮತ್ತು ಪ್ರಕಾಶಕ ಚೌಕಾಸಿ ಮಾಡುವುದೇ ಕಥೆಯ ಭಾಗ. ನಿಮ್ಮ ಪ್ರಶ್ನೆಗೆ ಇದು ನೇರವಾಗಿ ತಾಗುತ್ತದೆ.

ಅಂದಹಾಗೆ, ‘ಪ್ರೇಕ್ಷಕರ ಮಾತಿಗೆ ಯಾವತ್ತೂ ಬೆಲೆ ಇಲ್ಲ’ ಅಂತ ಬರೆದಿದ್ದೀರಿ. ಹಾಗೇನಿಲ್ಲ. 1986ರ ಹಾಲಿವುಡ್ ಸಿನಿಮಾ ‘ಪ್ರೆಟಿ ಇನ್ ಪಿಂಕ್’ನಲ್ಲಿ ನಾಯಕಿ ಮೊದಲು ಗೆಳೆಯ ಡಕಿಯ ಜೊತೆ ಸೇರುತ್ತಿದ್ದಳು. ಬಿಡುಗಡೆಗೆ ಮುಂಚೆ ತೋರಿಸಿದಾಗ ಜನ ಒಪ್ಪಲಿಲ್ಲ. ಕೊನೆಯನ್ನು ಮತ್ತೆ ಚಿತ್ರೀಕರಿಸಿ ಅವಳು ಮೆಚ್ಚಿದ್ದ ಇನ್ನೊಬ್ಬ ಹುಡುಗ ಬ್ಲೇನ್ ಜೊತೆ ಸೇರಿಸಿದರು. ಸಾಲು ತಿದ್ದಿಕೊಳ್ಳಿ.

ಇನ್ನು ನನಗೆ ತುಂಬಾ ಹಿಡಿಸಿದ ಭಾಗ. ಅದು ಕೊನೆಯ ಪುಟದಲ್ಲಿದೆ, ನೀವು ಅವಸರದಲ್ಲಿ ಸೇರಿಸಿದಂತಿದೆ. ‘ಸಪ್ತ ಸಾಗರದಾಚೆ ಎಲ್ಲೋ’ ಬಗ್ಗೆ ಬರೆಯುತ್ತಾ, ಪ್ರಿಯಾನಾ ಸುರಭಿನಾ ಅಂತ ಎಲ್ಲರೂ ನಾಯಕ ಮನು ಕಡೆಯಿಂದಲೇ ಕೇಳುತ್ತಾರೆ, ಸುರಭಿಗೆ ಏನು ಬೇಕಿತ್ತು ಅಂತ ಯಾರೂ ಕೇಳಲಿಲ್ಲ ಅಂದಿದ್ದೀರಿ. ಇದನ್ನು ಬರೆದವರು ನೀವೇ! ನಂದಿನಿಯ ವಿಷಯದಲ್ಲಿ ಇಡೀ ಲೇಖನ ಮರೆತ ಪ್ರಶ್ನೆಯನ್ನು ಇಲ್ಲಿ ನೀವೇ ಕೇಳಿಬಿಟ್ಟಿದ್ದೀರಿ.

ಆ ಸಿನಿಮಾದ ಎರಡು ಭಾಗಗಳ ನಡುವಿನ ಅಂತರ ನೆನಪಿಸಿಕೊಳ್ಳಿ. ಸೈಡ್ ಎ ಬಂದದ್ದು 2023ರ ಸೆಪ್ಟೆಂಬರ್ 1ಕ್ಕೆ, ಸೈಡ್ ಬಿ ನವೆಂಬರ್ 17ಕ್ಕೆ. ನಡುವಿನ ಎರಡೂವರೆ ತಿಂಗಳು ಜನ ಪ್ರಿಯಾಳನ್ನು ಮನಸ್ಸಿನಲ್ಲಿ ಇಟ್ಟುಕೊಂಡು ಕಾದಿದ್ದರು. ಸುರಭಿಯಾಗಿ ಚೈತ್ರಾ ಆಚಾರ್ ಬಂದಾಗ, ರುಕ್ಮಿಣಿ ವಸಂತ್ ಅವರ ಪ್ರಿಯಾ ಮೊದಲೇ ಕೂತಿದ್ದ ಮನೆಗೆ ಅವಳು ಕಾಲಿಡಬೇಕಿತ್ತು. ಮನು ಅವಳ ಹತ್ತಿರ ಬರುತ್ತಾನೆ, ಮನಸ್ಸು ಮಾತ್ರ ಪ್ರಿಯಾಳ ಹತ್ತಿರ. ಅದೇ ಮನು ಬೇರೆಯವರನ್ನು ಮದುವೆಯಾಗಿರುವ ಪ್ರಿಯಾಳ ಸಂಸಾರ ಸರಿ ಮಾಡುವುದಕ್ಕೆ ಅವಳಿಗೇ ಗೊತ್ತಾಗದ ಹಾಗೆ ಓಡಾಡುತ್ತಾನೆ. ಅವಳನ್ನು ಕೇಳದೆ ಅವಳಿಗೆ ಒಳ್ಳೆಯದು ಮಾಡುವ ಗಂಡಸು. ಪ್ರೀತಮ್ ಮಾಡಿದ್ದೂ ಅದನ್ನೇ. ‘ಮುಂಗಾರು ಮಳೆ’ಗೂ ಇದಕ್ಕೂ ನಡುವೆ ಹದಿನೇಳು ವರ್ಷ ಕಳೆದಿದೆ, ಹೆಚ್ಚುಕಡಿಮೆ. ಈ ಎಳೆ ಹಿಡಿದರೆ ನಿಮ್ಮ ಲೇಖನಕ್ಕೆ ಬೆನ್ನೆಲುಬು ಸಿಗುತ್ತದೆ.

ಭಾಷೆಯ ಬಗ್ಗೆ ಸ್ವಲ್ಪ. ‘ಇಡೀ ಕರುನಾಡೇ ಕಣ್ಣೀರ ಕಡಲಲ್ಲಿ ಮುಳುಗಿದ ಅಜರಾಮರ ಪ್ರೇಮಕಾವ್ಯ’ ಅಂತ ಶುರು ಮಾಡಿದ್ದೀರಿ. ಇದು ಪೋಸ್ಟರ್ ಮೇಲೆ ಇರಲಿ. ಅದೇ ಪುಟದಲ್ಲಿ ‘ಸಿನಿಮಾ ಮುಗಿದ ಮೇಲೆ ಅಕ್ಕ ಬಸ್‌ಸ್ಟಾಪ್‌ವರೆಗೂ ಮಾತಾಡಲಿಲ್ಲ’ ಅಂತ ಒಂದು ಸಾಲಿದೆ. ಅದು ನಿಮ್ಮದೇ ಸಾಲು. ಅದನ್ನು ಮೇಲಕ್ಕೆ ತನ್ನಿ, ಪೋಸ್ಟರ್ ಸಾಲು ಹೊಡೆದುಹಾಕಿ. ಸಾಧ್ಯವಾದರೆ ಅಕ್ಕನನ್ನು ಕೇಳಿ, ಆವತ್ತು ಏನು ಯೋಚಿಸುತ್ತಿದ್ದೆ ಅಂತ. ಅವರು ಪ್ರೀತಮ್‌ಗೆ ಮರುಗಿದ್ದರೋ ನಂದಿನಿಗೆ ಮರುಗಿದ್ದರೋ, ನನಗಂತೂ ತಿಳಿಯುವ ಆಸೆ ಇದೆ. ‘ಅದ್ಭುತ’ ಅನ್ನುವ ಪದವನ್ನು ಎಲ್ಲ ಕಡೆಯಿಂದಲೂ ತೆಗೆಯಿರಿ. ತೆಗೆದ ಜಾಗದಲ್ಲಿ ನೀವು ಕಂಡದ್ದನ್ನು ಬರೆಯಿರಿ.

ಉದ್ದ 1,200 ಪದ ಇರಲಿ, ಅದಕ್ಕಿಂತ ಜಾಸ್ತಿ ಬೇಡ. ಜೋಗದ ದೃಶ್ಯದಿಂದ ಶುರು ಮಾಡಿ ನೋಡಿ. ತೀರ್ಪು ಕೊಡಲೇಬೇಕು ಅಂತಿಲ್ಲ. ಪ್ರೀತಮ್–ನಂದಿನಿ ಒಂದಾಗಬೇಕಿತ್ತು ಅಂತ ಬರೆದು ಮುಗಿಸಿದ ಮೇಲೂ ಅನ್ನಿಸಿದರೆ ಹಾಗೇ ಹೇಳಿ, ನನ್ನ ಅಡ್ಡಿ ಇಲ್ಲ. ಗೌತಮ್‌ಗೆ ಒಂದು ಪ್ಯಾರಾ ಇಡುವುದನ್ನು ಮಾತ್ರ ಮರೆಯಬೇಡಿ. ತಾನು ಮದುವೆಯಾಗುತ್ತಿರುವ ಹುಡುಗಿಯ ಮನಸ್ಸು ಎಲ್ಲಿದೆ ಅಂತ ಅವನಿಗೂ ಯಾರೂ ಹೇಳಲಿಲ್ಲ.

ತಿದ್ದಿದ್ದನ್ನು ನೇರ ನನ್ನ ಹೆಸರಿಗೇ ಕಳಿಸಿ. ಬಂದ ವಾರದಲ್ಲೇ ಓದಿ ಉತ್ತರ ಬರೆಯುತ್ತೇನೆ.

ಇಂತಿ,
ಸಂಪಾದಕರು, ಸಿನಿಮಾ ಪುರವಣಿ