ಅತಿಥಿ ಉಪನ್ಯಾಸಕರ ಸೇವೆ, ಹೊಸ ಅಭ್ಯರ್ಥಿಗಳ ಹಕ್ಕು: ಸಂಪಾದಕರ ಉತ್ತರ

ಮಾನ್ಯರೇ,

ರಾಯಚೂರು ಜಿಲ್ಲೆಯಿಂದ ತಾವು ಬರೆದ ಪತ್ರ ತಲುಪಿದೆ. ಕಾಲೇಜು ಅಧ್ಯಾಪಕರಾಗಲು ಬೇಕಾದ ರಾಜ್ಯಮಟ್ಟದ ಅರ್ಹತಾ ಪರೀಕ್ಷೆಯಾದ ಕೆಸೆಟ್ ಪಾಸಾಗಿ ನೇಮಕಾತಿ ಅಧಿಸೂಚನೆಗಾಗಿ ಕಾಯುತ್ತಿರುವ ಮಗಳ ತಂದೆಯಾಗಿ ತಾವು ಎರಡು ಪ್ರಶ್ನೆ ಎತ್ತಿದ್ದೀರಿ. ಸರ್ಕಾರಿ ಪ್ರಥಮ ದರ್ಜೆ ಕಾಲೇಜುಗಳಲ್ಲಿ ವರ್ಷವರ್ಷಕ್ಕೆ ತಾತ್ಕಾಲಿಕವಾಗಿ ಪಾಠ ಮಾಡುವ ಅತಿಥಿ ಉಪನ್ಯಾಸಕರನ್ನು ಇದ್ದ ಹಾಗೆಯೇ ಖಾಯಂ ಮಾಡಿದರೆ ತಮ್ಮ ಮಗಳಂಥವರಿಗೆ ಉಳಿಯುವುದೇನು ಎಂಬುದು ಮೊದಲನೆಯದು. ಆ ಬೇಡಿಕೆಯ ಪರವಾದ ಲೇಖನವನ್ನು ನಾವು ಪ್ರಕಟಿಸಿದ್ದು ಸರಿಯೇ ಎಂಬುದು ಎರಡನೆಯದು. ಹತ್ತು ವರ್ಷ ಪಾಠ ಮಾಡಿಯೂ ನೆಟ್ (ರಾಷ್ಟ್ರಮಟ್ಟದ ಅರ್ಹತಾ ಪರೀಕ್ಷೆ) ಪಾಸಾಗದವರ ಮೇಲೆ ಕನಿಕರವೇಕೆ ಎಂದೂ ಕೇಳಿದ್ದೀರಿ.

ಮೊದಲ ಪ್ರಶ್ನೆಯಲ್ಲಿ ನ್ಯಾಯ ತಮ್ಮ ಕಡೆಗಿದೆ. ನಮ್ಮದೇ ರಾಜ್ಯದ ವಾಣಿಜ್ಯ ತೆರಿಗೆ ಇಲಾಖೆಯ ದಿನಗೂಲಿ ನೌಕರರಿಂದ ಆರಂಭವಾದ ಉಮಾದೇವಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ 2006ರ ಏಪ್ರಿಲ್ 10ರಂದು ಹೇಳಿದ್ದು ಇದನ್ನೇ: ಬಹಿರಂಗ ಸ್ಪರ್ಧೆಯಿಲ್ಲದೆ ಒಳಬಂದವರನ್ನು ಸೇವಾವಧಿಯೊಂದನ್ನೇ ನೋಡಿ ಸಕ್ರಮಗೊಳಿಸಿದರೆ ಸಂವಿಧಾನದ 14 ಮತ್ತು 16ನೇ ವಿಧಿಗಳು ಎಲ್ಲರಿಗೂ ಕೊಟ್ಟ ಸಮಾನ ಅವಕಾಶಕ್ಕೆ ಧಕ್ಕೆಯಾಗುತ್ತದೆ. ತಮ್ಮ ಜಿಲ್ಲೆಯ ಮಟ್ಟಿಗೆ ಇನ್ನೂ ಒಂದು ಮಾತಿದೆ. ಖಾಯಂ ನೇಮಕಾತಿ ಯಾವ ಹುದ್ದೆ ಯಾವ ವರ್ಗಕ್ಕೆ ಎಂದು ನಿಗದಿಪಡಿಸುವ ಮೀಸಲಾತಿಯ ರೋಸ್ಟರ್ ಪ್ರಕಾರ ನಡೆಯಬೇಕು. ರಾಯಚೂರು ಸೇರಿದ ಕಲ್ಯಾಣ ಕರ್ನಾಟಕಕ್ಕೆ ಸಂವಿಧಾನದ 371(ಜೆ) ವಿಧಿಯಡಿ ಸಿಕ್ಕ ಪಾಲೂ ಅದರಲ್ಲಿ ಸೇರಬೇಕು. ಇದ್ದವರನ್ನೇ ಒಟ್ಟಾಗಿ ಖಾಯಂ ಮಾಡಿದರೆ ಆ ಲೆಕ್ಕ ಪಕ್ಕಕ್ಕೆ ಸರಿದು, ಇನ್ನೂ ಅರ್ಜಿ ಹಾಕುವ ಅವಕಾಶವೇ ಸಿಗದ ಪರಿಶಿಷ್ಟ ಮತ್ತು ಹಿಂದುಳಿದ ವರ್ಗಗಳ ಮಕ್ಕಳ ಹುದ್ದೆಗಳು ಸದ್ದಿಲ್ಲದೆ ಭರ್ತಿಯಾಗಿಬಿಡುತ್ತವೆ.

ಆದರೆ ಕನಿಕರದ ಮಾತನ್ನು ನಾನು ಒಪ್ಪಲಾರೆ. ನೆಟ್ ಆಗಲಿ ಕೆಸೆಟ್ ಆಗಲಿ ಇಷ್ಟು ಅಂಕ ಬಂದರೆ ಸಾಕು ಎನ್ನುವ ಪರೀಕ್ಷೆಯಲ್ಲ. ಕನಿಷ್ಠ ಅಂಕ ದಾಟಿದ ಮೇಲೂ, ಪರೀಕ್ಷೆಗೆ ಕುಳಿತವರಲ್ಲಿ ಶೇ. 6ರಷ್ಟು ಮಂದಿಗೆ ಮಾತ್ರ ಅರ್ಹತೆ ಸಿಗುತ್ತದೆ. ನೂರರಲ್ಲಿ ಏಳನೆಯವರಾಗಿ ನಿಂತವರು ಅಸಮರ್ಥರೆಂದು ಹೇಳಲು ಬರುವುದಿಲ್ಲ. ಅದಕ್ಕಿಂತ ದೊಡ್ಡ ಅನ್ಯಾಯ ನಿಯಮಗಳ ಓಲಾಟದಿಂದ ಆಗಿದೆ. ಎಂ.ಫಿಲ್. ಮಾಡಿದವರಿಗೆ ಪದವಿ ತರಗತಿಗಳ ಬೋಧನೆಗೆ 2006ರಲ್ಲಿ ನೆಟ್‌ನಿಂದ ವಿನಾಯಿತಿ ಕೊಟ್ಟ ಯುಜಿಸಿ (ವಿಶ್ವವಿದ್ಯಾಲಯ ಧನಸಹಾಯ ಆಯೋಗ), 2009ರಲ್ಲಿ ಅದನ್ನು ಹಿಂತೆಗೆದುಕೊಂಡಿತು. ಆ ಮಾತನ್ನು ನಂಬಿ ಸಾಲ ಮಾಡಿ ಎಂ.ಫಿಲ್. ಮುಗಿಸಿದವರು ಮೂರೇ ವರ್ಷದಲ್ಲಿ ಅನರ್ಹರ ಸಾಲಿಗೆ ಬಂದರು. 2015ರಲ್ಲಿ ಸುಪ್ರೀಂ ಕೋರ್ಟ್ ಹೊಸ ನಿಯಮವನ್ನು ಎತ್ತಿಹಿಡಿದದ್ದು ಕಾನೂನಿನ ದೃಷ್ಟಿಯಿಂದ ಸರಿಯಿರಬಹುದು; ನಂಬಿದವರ ನಷ್ಟವನ್ನು ಮಾತ್ರ ಯಾರೂ ತುಂಬಿಕೊಡಲಿಲ್ಲ.

ಇನ್ನು ಅವರ ದುಡಿಮೆಯ ಪರಿಯನ್ನು ನೋಡಿ. ಪ್ರತಿ ವರ್ಷ ಹೊಸದಾಗಿ ಅರ್ಜಿ, ಕೌನ್ಸೆಲಿಂಗ್, ವರ್ಷಾಂತ್ಯಕ್ಕೆ ಬಿಡುಗಡೆ; ನಡುವೆ ಖಾಯಂ ಅಧ್ಯಾಪಕರೊಬ್ಬರು ವರ್ಗವಾಗಿ ಬಂದರೆ ಅಂದೇ ಕಾರ್ಯಭಾರ ಕೈತಪ್ಪುತ್ತದೆ. 2022ರ ಜನವರಿಯಲ್ಲಿ ಸರ್ಕಾರ 11 ಮತ್ತು 13 ಸಾವಿರವಿದ್ದ ಮಾಸಿಕ ಗೌರವಧನವನ್ನು 26ರಿಂದ 32 ಸಾವಿರಕ್ಕೆ ಏರಿಸಿತು. ಅದು ಸ್ವಾಗತಾರ್ಹವೇ. ಆದರೆ ಅದೇ ಆದೇಶ ವಾರದ ಕಾರ್ಯಭಾರವನ್ನು 15 ಗಂಟೆಗೆ ಹೆಚ್ಚಿಸಿತು. ಎಂಟು ಹತ್ತು ಗಂಟೆಯಂತೆ ಇಬ್ಬರು ಹಂಚಿಕೊಂಡಿದ್ದ ಪಾಠ ಒಬ್ಬರಿಗೆ ಸೇರಿ, ಇನ್ನೊಬ್ಬರು ಮನೆಗೆ ಹೋದರು. ಒಬ್ಬರ ಸಂಬಳದ ಏರಿಕೆಗೆ ಬೆಲೆ ತೆತ್ತವರು ಪಕ್ಕದ ಕುರ್ಚಿಯ ಸಹೋದ್ಯೋಗಿ. ಅತಿಥಿ ಬೋಧಕರಿಗೂ ಖಾಯಂ ಬೋಧಕರಿಗೆ ಇರುವ ಅರ್ಹತೆಯೇ ಬೇಕೆಂದು 2019ರಲ್ಲಿ ಹೇಳಿದ ಯುಜಿಸಿ, ತರಗತಿಗೆ 1,500 ರೂಪಾಯಿಯಂತೆ ತಿಂಗಳಿಗೆ 50,000 ರೂಪಾಯಿವರೆಗೆ ಕೊಡಬಹುದೆಂದೂ ಹೇಳಿತ್ತು. ಅರ್ಹತೆಯ ಮಾತನ್ನು ಹಿಡಿದು, ಹಣದ ಮಾತನ್ನು ಬಿಡುವುದು ನ್ಯಾಯವಲ್ಲ.

ಹಾಗಾದರೆ ದಾರಿ ಯಾವುದು? ಎಲ್ಲರಿಗೂ ಒಂದೇ ಬಹಿರಂಗ ಪರೀಕ್ಷೆ ಇರಲಿ. ಅದರಲ್ಲಿ ಸೇವೆಗೆ ಮಿತಿಯುಳ್ಳ ಕೃಪಾಂಕವಿರಲಿ, ಹೊಸಬರು ಚೆನ್ನಾಗಿ ಬರೆದರೆ ದಾಟಬಹುದಾದಷ್ಟು ಮಾತ್ರ. ಸೇವೆಯನ್ನು ಎಣಿಸುವಾಗ ಹೆರಿಗೆಗೆಂದು ಒಂದು ವರ್ಷ ಕಾಲೇಜು ಬಿಟ್ಟ ಮಹಿಳೆಗೆ ಆ ವರ್ಷ ನಷ್ಟವಾಗಬಾರದು. ಮೇಲ್ನೋಟಕ್ಕೆ ಎಲ್ಲರಿಗೂ ಒಂದೇ ಆಗಿರುವ ಎಣಿಕೆ ಹೆಣ್ಣುಮಕ್ಕಳನ್ನು ಹಿಂದಕ್ಕೆ ತಳ್ಳುವುದು ಇಂಥಲ್ಲಿಯೇ, ಮತ್ತು ಈ ವಿಷಯ ಚರ್ಚೆಗೇ ಬರುವುದಿಲ್ಲ ಎಂಬುದು ನನ್ನ ಬೇಸರ. ಕೃಪಾಂಕ ಎಷ್ಟು, ವಯೋಮಿತಿಯ ಸಡಿಲಿಕೆ ಎಷ್ಟು ಎಂಬುದು ಅಧಿಸೂಚನೆಯಲ್ಲೇ ಇರಬೇಕು. ಪ್ರಕ್ರಿಯೆ ಆರಂಭವಾದ ಮೇಲೆ, ನಿಯಮದಲ್ಲಿ ಅವಕಾಶವಿಲ್ಲದೆ, ಆಯ್ಕೆಯ ಮಾನದಂಡವನ್ನು ಬದಲಿಸಬಾರದೆಂದು 2024ರ ನವೆಂಬರ್‌ನಲ್ಲಿ ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ ಸ್ಪಷ್ಟಪಡಿಸಿದೆ.

ಇವೆಲ್ಲಕ್ಕೂ ಮೊದಲು ನೇಮಕಾತಿ ಕಾಲಕಾಲಕ್ಕೆ ನಡೆಯಬೇಕು. 2021ರಲ್ಲಿ 1,242 ಸಹಾಯಕ ಪ್ರಾಧ್ಯಾಪಕ ಹುದ್ದೆಗಳಿಗೆ ಅಧಿಸೂಚನೆ ಹೊರಟು, 2022ರ ಮಾರ್ಚ್‌ನಲ್ಲಿ ಕರ್ನಾಟಕ ಪರೀಕ್ಷಾ ಪ್ರಾಧಿಕಾರ ಪರೀಕ್ಷೆ ನಡೆಸಿತು. ಇಂಥದ್ದು ಅಪರೂಪವಾದಷ್ಟೂ ಖಾಲಿ ಹುದ್ದೆಗಳಿಗೆ ಅತಿಥಿಗಳು ಬರುತ್ತಾರೆ, ಅವರ ವಯಸ್ಸು ಮೀರುತ್ತದೆ, ಖಾಯಂ ಮಾಡಿ ಎಂಬ ಕೂಗು ಏಳುತ್ತದೆ. ಅತ್ತ ತಮ್ಮ ಮಗಳ ವಯೋಮಿತಿಯೂ ಸವೆಯುತ್ತದೆ. ಇಬ್ಬರನ್ನೂ ಎದುರುಬದುರು ನಿಲ್ಲಿಸಿದ್ದು ಈ ವಿಳಂಬವೇ ಹೊರತು ಅವರವರ ಸ್ವಾರ್ಥವಲ್ಲ.

ಎರಡನೆಯ ಪ್ರಶ್ನೆಗೆ ಉತ್ತರ ಚಿಕ್ಕದು. ಆ ಲೇಖನ ಕೇಳಿದ ಸಮಾನ ವೇತನ ಮತ್ತು ಸೇವಾ ಭದ್ರತೆಯ ಪರವಾಗಿ ಪತ್ರಿಕೆ ನಿಲ್ಲುತ್ತದೆ. ಪರೀಕ್ಷೆಯಿಲ್ಲದೆ ಖಾಯಂ ಮಾಡಬೇಕೆಂಬುದು ಲೇಖಕರ ಅಭಿಪ್ರಾಯ, ನಮ್ಮದಲ್ಲ. ಅದನ್ನು ವಿರೋಧಿಸುವ ತಮ್ಮ ಪತ್ರವನ್ನೂ ಇದೇ ಸಂಚಿಕೆಯಲ್ಲಿ ಪೂರ್ತಿಯಾಗಿ ಪ್ರಕಟಿಸುತ್ತಿದ್ದೇವೆ.

– ಸಂಪಾದಕ