ಡಾಕ್ಯುಮೆಂಟರಿಯಲ್ಲಿ ಬರುವವರು ನಿಜವಾಗಿ ತಾವಾಗಿಯೇ ಇರುತ್ತಾರಾ, ಇಲ್ಲ ನಟಿಸುತ್ತಾರಾ?

ತಾವಾಗಿಯೇ ಇರುತ್ತಾರೆ, ಆದರೆ ಸ್ವಲ್ಪ ನಟನೆ ಮೊದಲಿನಿಂದಲೂ ಇದೆ. 1922ರ 'ನಾನೂಕ್ ಆಫ್ ದಿ ನಾರ್ತ್' ತಗೊಳ್ಳಿ. ರಾಬರ್ಟ್ ಫ್ಲಾಹರ್ಟಿ ಕೆನಡಾದ ಹಡ್ಸನ್ ಕೊಲ್ಲಿಯ ದಡದಲ್ಲಿ ಹಿಮಪ್ರದೇಶದ ಮೂಲನಿವಾಸಿಗಳಾದ ಇನುಯಿಟ್ ಜನರ ಬದುಕಿನ ಬಗ್ಗೆ ತೆಗೆದ ಚಿತ್ರ ಅದು. ನಾನೂಕ್ ಆಗಿ ಕಾಣಿಸುವ ಬೇಟೆಗಾರನ ನಿಜವಾದ ಹೆಸರು ಅಲ್ಲಾಕರಿಯಲ್ಲಾಕ್. ಚಿತ್ರದಲ್ಲಿರುವ ಹೆಂಡತಿ ಅವನ ಹೆಂಡತಿಯೇ ಅಲ್ಲ. ಆ ಹೊತ್ತಿಗಾಗಲೇ ಅಲ್ಲಿಯವರ ಕೈಗೆ ಬಂದೂಕು ಬಂದಿತ್ತು, ಕ್ಯಾಮೆರಾ ಮುಂದೆ ಮಾತ್ರ ಈಟಿ. ಇಗ್ಲೂ (ಹಿಮದ ಗುಡಿಸಲು) ಒಳಗೆ ಬೆಳಕು ಸಾಲದೆ, ಒಂದು ಕಡೆ ಗೋಡೆಯೇ ಇಲ್ಲದ ಇಗ್ಲೂ ಕಟ್ಟಿದರು. ಆ ಚಳಿಯಲ್ಲಿ 'ಮನೆಯವರು' ಮೇಲಂಗಿ ಬಿಚ್ಚಿ ಮಲಗುವ ದೃಶ್ಯ ತೆಗೆದದ್ದು ಹೀಗೆ! ನಾನೂಕ್ ಗ್ರಾಮಫೋನ್ ತಟ್ಟೆಯನ್ನು ಕಚ್ಚಿ ನೋಡುವುದೂ ಸುಮ್ನೆ ನಗಿಸೋಕೆ. (ಇದೇ ಫ್ಲಾಹರ್ಟಿ ಮುಂದೆ ಮೈಸೂರಿಗೆ ಬಂದು, ಮಾವುತನ ಮಗ ಸಾಬುವನ್ನು ನಟನನ್ನಾಗಿ ಮಾಡಿದರು. ಆದರೆ ಅದು ಕಥಾಚಿತ್ರ.)

ಇವತ್ತಿಗೂ 'ಬಾಗಿಲು ತೆಗೆದು ಇನ್ನೊಂದ್ಸಲ ಒಳಗೆ ಬನ್ನಿ' ಅನ್ನುವುದು ಮಾಮೂಲಿ. ಅದರಿಂದ ಯಾರಿಗೂ ನಷ್ಟವಿಲ್ಲ, ಅಲ್ವಾ? ಒಂದು ಪ್ರಶ್ನೆಗೆ ಕೊಟ್ಟ ಉತ್ತರವನ್ನು ಎಡಿಟಿಂಗ್‌ನಲ್ಲಿ ಇನ್ನೊಂದಕ್ಕೆ ಅಂಟಿಸಿದರೆ ಮಾತ್ರ ಅದು ಮೋಸ ಅಂತ ನನ್ನ ಅನಿಸಿಕೆ. ಒಪ್ಪಿಗೆ ಪತ್ರಕ್ಕೆ ಸಹಿ ಹಾಕಿದವರಿಗೆ ಸಾಮಾನ್ಯವಾಗಿ ಎಡಿಟಿಂಗ್ ಮೇಲೆ ಯಾವ ಹಿಡಿತವೂ ಇರುವುದಿಲ್ಲ.